ಏಳುಕುದ್ರುವಿಗೆ ನೀರು, ಗಾಳಿ, ಮಾತು ಕೊಟ್ಟವರಿಗೆ

ನಾನು ಬರೆಯುತ್ತಿದ್ದ ಏಳುಕುದ್ರುವಿನ ಕಥೆ ಪೂರ್ತಿಯಾಗಿದೆ. ಕೊನೆಯ ಅಧ್ಯಾಯವನ್ನು ಕಳೆದ ಭಾನುವಾರ ನಮ್ಮೂರಿನ ವಾಚನಾಲಯದಲ್ಲಿ ಓದಿದೆ. ಏಳು ಕುದ್ರುಗಳ, ಅಂದರೆ ದ್ವೀಪಗಳ, ಈ ದೇಶ ಯಾವ ಭೂಪಟದಲ್ಲೂ ಸಿಗದು. ಅಲ್ಲಿನ ಪಡುಗಡಲಿನಲ್ಲಿ ಎರಡು ಸೂರ್ಯರು ಮುಳುಗುತ್ತಾರೆ, ತಿಮಿಂಗಿಲಗಳು ಸುಂಕ ಕೇಳುತ್ತವೆ, ತೀರಿಹೋದ ರಾಣಿಯರು ಅಮಾವಾಸ್ಯೆಯಂದು ಸಭೆಗೆ ಬಂದು ಕೂರುತ್ತಾರೆ. ಅಷ್ಟು ಮಾತ್ರ ನನ್ನ ಕಲ್ಪನೆ. ಆ ಜನ ಕುಡಿಯುವ ನೀರು, ನಂಬುವ ಗಾಳಿ, ಜಗಳ ತೀರಿಸಿಕೊಳ್ಳುವ ರೀತಿ ಎಲ್ಲವೂ ಕಾಸರಗೋಡಿನ ಮಂಜೇಶ್ವರ, ಕುಂಬಳೆ, ಬದಿಯಡ್ಕದ ಸುತ್ತಮುತ್ತಲಿನವರು ನನಗೆ ಕೊಟ್ಟದ್ದು. ಅದನ್ನು ಎಲ್ಲರ ಎದುರು ಹೇಳಲೇಬೇಕು.

ಮೊದಲ ನಮಸ್ಕಾರ, ಜೀವಮಾನವಿಡೀ ನೀರಿಗಾಗಿ ಸುರಂಗ ಕೊರೆದ ಅಜ್ಜನಿಗೆ. ಮುರಕಲ್ಲಿನ (ಜಂಬಿಟ್ಟಿಗೆಯ) ಗುಡ್ಡದ ಮೈಗೆ ಅಡ್ಡಲಾಗಿ, ಒಬ್ಬರು ನುಗ್ಗುವಷ್ಟೇ ಅಗಲಕ್ಕೆ ಕೊರೆಯುತ್ತಾ ಹೋಗುವ ಕೆಲಸ ಅದು. ಒಳಗೆ ಮೇಣದಬತ್ತಿ ಹಚ್ಚಿಟ್ಟುಕೊಳ್ಳುತ್ತಾರೆ. ಅದು ನಂದಿತೆಂದರೆ ಉಸಿರಾಟಕ್ಕೆ ಗಾಳಿ ಸಾಲದು, ಕೂಡಲೇ ಹೊರಗೆ ಬರಬೇಕು. ಒರತೆ ಸಿಕ್ಕಿದ ಮೇಲೆ ಹಗ್ಗ ಬೇಡ, ಪಂಪು ಬೇಡ, ನೀರು ತಾನಾಗಿ ಹರಿದು ಬಂದು ಅಂಗಳದ ಕೆರೆ ತುಂಬುತ್ತದೆ. "ಗುಡ್ಡ ಎಲ್ಲಿ ನೀರು ಇಟ್ಟಿದೆ ಎಂದು ಮೇಲಿನ ಮರ ಹೇಳುತ್ತದೆ ಮಗಾ, ನೀನು ಮರ ನೋಡು" ಎಂದು ಅಜ್ಜ ನನ್ನನ್ನು ಗುಡ್ಡ ಹತ್ತಿಸಿದರು. ನನ್ನ ಮೂಡಣ ಕುದ್ರುವಿನಲ್ಲಿ ಪಟ್ಟಕ್ಕೆ ಬರುವವಳು ಒಂದೇ ಒಂದು ದೀಪ ಹಿಡಿದು, ಒಬ್ಬಳೇ ಸುರಂಗದ ಕೊನೆ ಮುಟ್ಟಿ ಬರಬೇಕು. ಆ ಅಧ್ಯಾಯ ಓದಿದಾಗ ವಾಚನಾಲಯದಲ್ಲಿ ಯಾರೂ ಕೆಮ್ಮಲಿಲ್ಲ. ಅದು ಅಜ್ಜನಿಗೆ ಸಂದ ಗೌರವ.

ತಗ್ಗಿನ ಕುದ್ರುಗಳಲ್ಲಿ ಗುಡ್ಡವೇ ಇಲ್ಲ, ಬರೀ ಹವಳದ ಮರಳು. ಅಲ್ಲಿ ನೀರೆಲ್ಲಿಂದ? ಇದಕ್ಕೆ ದಾರಿ ತೋರಿದವರು ಲಕ್ಷದ್ವೀಪದ ಹಡಗುಗಳಲ್ಲಿ ದುಡಿದು ಬಂದ, ನಾವೆಲ್ಲ ಕಾಕ ಎಂದೇ ಕರೆಯುವ ಹಿರಿಯರು. ಹವಳ ದ್ವೀಪದ ಅಡಿಯಲ್ಲಿ ಇಂಗಿದ ಮಳೆನೀರು ಉಪ್ಪುನೀರಿಗಿಂತ ಹಗುರ. ಅದು ಮಸೂರದ ಆಕಾರದಲ್ಲಿ ಉಪ್ಪುನೀರಿನ ಮೇಲೆ ತೇಲಿಕೊಂಡೇ ನಿಂತಿರುತ್ತದೆ. ಸಮುದ್ರಮಟ್ಟಕ್ಕಿಂತ ಒಂದು ಅಡಿ ಎತ್ತರಕ್ಕೆ ಸಿಹಿನೀರು ನಿಂತಿದ್ದರೆ ಕೆಳಗೆ ಸುಮಾರು 40 ಅಡಿ ಆಳದವರೆಗೆ ಇರುತ್ತದೆ ಎಂಬ ಲೆಕ್ಕವನ್ನು ಆಮೇಲೆ ಕಾಲೇಜಿನ ಮೇಷ್ಟ್ರೊಬ್ಬರು ವಿವರಿಸಿದರು. ಹೆಚ್ಚು ಸೇದಿದರೆ ಉಪ್ಪು ಮೇಲೇರುತ್ತದೆ, ಮತ್ತೆ ಬಾವಿ ಸುಧಾರಿಸಲು ಮಳೆಗಾಲಗಳೇ ಬೇಕು. ನನ್ನ ಕಥೆಯ ವೈರಿಗಳು ಒಂದು ಮನೆಯನ್ನೂ ಸುಡುವುದಿಲ್ಲ. ಹಗಲೂ ರಾತ್ರಿಯೂ ಬಾವಿ ಸೇದುತ್ತಾರೆ, ಅಷ್ಟೇ. ಇಷ್ಟು ಕ್ರೂರವಾದ ಯುದ್ಧ ಕಾಕನ ಮಾತಿಲ್ಲದೆ ನನಗೆ ಹೊಳೆಯುತ್ತಿರಲಿಲ್ಲ.

ಹಳೆಯ ಕಡತಗಳನ್ನು ಓದಿಸಿದ ನಿವೃತ್ತ ಇತಿಹಾಸ ಅಧ್ಯಾಪಕರಿಗೆ ವಿಶೇಷ ವಂದನೆ. 1956ರ ನವೆಂಬರ್ 1ರವರೆಗೆ ನಮ್ಮ ಕಾಸರಗೋಡಿನಂತೆಯೇ ಲಕ್ಷದ್ವೀಪದ ಅಮಿನಿ, ಕಡಮತ್, ಕಿಲ್ತಾನ್, ಚೆತ್ಲಾತ್ ದ್ವೀಪಗಳೂ ಮಂಗಳೂರು ಕೇಂದ್ರವಾಗಿದ್ದ ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿದ್ದವು. ಒಂದೇ ದಿನ ನಾವು ಕೇರಳಕ್ಕೆ ಹೋದೆವು, ಆ ದ್ವೀಪಗಳು ಕೇಂದ್ರಾಡಳಿತ ಪ್ರದೇಶವಾದವು. ಅದಕ್ಕೂ ಹಿಂದೆ ದ್ವೀಪದವರು ತೆಂಗಿನ ನಾರಿನ ಹುರಿಯನ್ನು ಮಂಗಳೂರಿಗೆ ತಂದು ಸರ್ಕಾರಕ್ಕೇ ಒಪ್ಪಿಸಿ ಅಕ್ಕಿ ಒಯ್ಯಬೇಕಿತ್ತು, ಬೇರೆಯವರಿಗೆ ಮಾರುವಂತಿರಲಿಲ್ಲ. ಏಳುಕುದ್ರುವಿನ ತೆರಿಗೆ ಹುರಿಯಲ್ಲಿ ಸಲ್ಲುವುದು ಹೀಗೆ. ನಾಲ್ಕನೆಯ ಕುದ್ರು ರಾತ್ರಿ ಬೆಳಗಾಗುವುದರಲ್ಲಿ ಇನ್ನೊಬ್ಬ ಅರಸನ ಪಾಲಾಗುವ ಅಧ್ಯಾಯಕ್ಕಂತೂ ನನಗೆ ಕಲ್ಪನೆ ಬೇಕಾಗಲಿಲ್ಲ. ಗಡಿಯ ಕನ್ನಡಿಗರ ಮನೆಗಳಲ್ಲಿ ಅದನ್ನು ಕೇಳುತ್ತಲೇ ಬೆಳೆದವನು ನಾನು.

ಕುಂಬಳೆ ಕಡಪ್ಪುರದ ತಂಡೇಲರು, ಅಂದರೆ ದೋಣಿಯ ಮುಂದಾಳುಗಳು, ಗಾಳಿಯ ಪಾಠ ಹೇಳಿದರು. ಜೂನಿನಲ್ಲಿ ನೈರುತ್ಯದಿಂದ ನುಗ್ಗುವ ಗಾಳಿ, ಮಳೆ ಮುಗಿದ ಮೇಲೆ ಈಶಾನ್ಯದಿಂದ ತಿರುಗಿ ಬೀಸುವ ಗಾಳಿ, ಇವೆರಡನ್ನು ಬಿಟ್ಟು ಹಾಯಿಹಡಗಿನ ಕಥೆ ಬರೆಯಲಾಗದು. ಏಳುಕುದ್ರುವಿನಲ್ಲೂ ಮಳೆಗಾಲದಲ್ಲಿ ದೋಣಿ ಇಳಿಸುವುದಿಲ್ಲ. ದೇಶದ ನ್ಯಾಯ ಪಂಚಾಯಿತಿಗಳೆಲ್ಲ ಆಗಲೇ ನಡೆಯುತ್ತವೆ.

ಆ ಪಂಚಾಯಿತಿ ನಡೆಯುವ ಬಗೆ ನನಗೆ ಇಡೀ ಪುಸ್ತಕದಲ್ಲೇ ಹೆಚ್ಚು ಪ್ರಿಯವಾದದ್ದು, ಅದು ತಾಳಮದ್ದಳೆಯ ಕೊಡುಗೆ. ಯಕ್ಷಗಾನ ಕವಿ ಪಾರ್ತಿಸುಬ್ಬನ ಊರಿನ ಸುತ್ತ ಹುಟ್ಟಿದವರಿಗೆ ಇದನ್ನು ವಿವರಿಸಬೇಕಾಗಿಲ್ಲ. ವೇಷವಿಲ್ಲ, ಕುಣಿತವಿಲ್ಲ, ಭಾಗವತರು ಪದ ಹೇಳುತ್ತಾರೆ, ಎದುರುಬದುರು ಕೂತ ಅರ್ಥಧಾರಿಗಳು ಆಗಲೇ ಹೊಳೆದ ಮಾತಿನಲ್ಲಿ ವಾದ ಹೂಡುತ್ತಾರೆ. ಇಂದು ಕರ್ಣನಾದವರು ನಾಳೆ ಅರ್ಜುನನಾಗಿ ಅದೇ ವಾದವನ್ನು ಮುರಿಯಬಲ್ಲರು. ಏಳುಕುದ್ರುವಿನಲ್ಲಿ ಕಾನೂನು ಮಾಡುವ ಮುಂಚೆ ಚೀಟಿ ಎತ್ತಿ ಪಕ್ಷ ಹಂಚುತ್ತಾರೆ, ತನಗೆ ಬಂದ ಪಕ್ಷವನ್ನು ಮನಸಾರೆ ಸಮರ್ಥಿಸದವನಿಗೆ ಸಭೆಯಲ್ಲಿ ಮತವಿಲ್ಲ. ನಮ್ಮ ಹಿರಿಯ ಅರ್ಥಧಾರಿಯೊಬ್ಬರು ಮನೆಯ ಚಾವಡಿಯಲ್ಲಿ ಕೂತು, ಬಾವಿ ಸೇದಿಸಿದ ವೈರಿ ಸೇನಾಪತಿಯ ಪರವಾಗಿ ಅರ್ಥ ಹೇಳಿದರು. ಕೇಳುತ್ತಾ ಕೇಳುತ್ತಾ ಆತನ ಮೇಲೆ ನನಗೇ ಕರುಣೆ ಉಕ್ಕಿತು. ಆ ಮಾತುಗಳನ್ನು ಒಂದಕ್ಷರ ಬದಲಿಸದೆ ಅವರ ಒಪ್ಪಿಗೆ ಪಡೆದು ಸೇರಿಸಿದ್ದೇನೆ. ಅಣ್ಣಾ, ಆ ಹತ್ತು ಪುಟ ನಿಮ್ಮದೇ.

ಕನ್ನಡದಲ್ಲಿ ಇಂಥ ಮಾಯಾಲೋಕದ ಕಥೆಗೆ ಓದುಗರಿಲ್ಲ ಎಂದು ಹಸ್ತಪ್ರತಿಯನ್ನು ಹಿಂದಿರುಗಿಸಿದವರಿದ್ದಾರೆ. ಆಗ ವಾಚನಾಲಯದ ಬಾಗಿಲು ತೆರೆದು, ವಾರಕ್ಕೊಂದು ಅಧ್ಯಾಯ ಓದಿ ಎಂದವರು ಇಲ್ಲಿನ ಗ್ರಂಥಪಾಲಕಿ ಅಕ್ಕ. ಕೇಳಲು ಬಂದವರಲ್ಲಿ ಮನೆಯಲ್ಲಿ ತುಳು, ಮಲಯಾಳ, ಕೊಂಕಣಿ, ಮರಾಠಿ, ಬ್ಯಾರಿ ಆಡುವವರಿದ್ದರು. ಎಲ್ಲರೂ ಕನ್ನಡದ ಕಥೆಗೆ ಕೂತರು.

ಕನ್ನಡ ಮಾಧ್ಯಮದ ಶಾಲೆಯ ಮಕ್ಕಳು ಕಡೆಯವರೆಗೂ ಮುಂದಿನ ಸಾಲಿನಲ್ಲಿದ್ದರು. ನಕ್ಷೆಯಲ್ಲಿನ ಹೆಸರಿಲ್ಲದ ಬಂಡೆಗಳಿಗೆ ಅವರೇ ಹೆಸರಿಟ್ಟಿದ್ದಾರೆ. ತಿಮಿಂಗಿಲಗಳು ಆ ಸುಂಕವನ್ನು ಏನು ಮಾಡುತ್ತವೆ ಎಂದು ಐದನೆಯ ತರಗತಿಯ ಹುಡುಗಿ ಕೇಳಿದ್ದಾಳೆ. ಮಗಳೇ, ಎರಡನೆಯ ಭಾಗ ಅದರಿಂದಲೇ ಶುರುವಾಗುತ್ತದೆ. ನಿನಗೂ ನಿನ್ನ ಜೊತೆಯವರಿಗೂ ನನ್ನ ತುಂಬು ಮನಸ್ಸಿನ ಧನ್ಯವಾದ.