ಮೇಲಿನ ಮನೆ ಅಕ್ಕನಿಗೆ, ಆಮೇಲೆ ಉಳಿದ ಎಲ್ಲರಿಗೂ

ವೈವಾ ಮುಗೀತು, ನೋಟಿಫಿಕೇಷನ್ನೂ ಬಂತು. ಎಷ್ಟೊಂದು ಜನ ಮೆಸೇಜ್ ಮಾಡಿದ್ದೀರ, ಫೋನ್ ಮಾಡಿದ್ದೀರ, ಒಬ್ಬೊಬ್ರಿಗೂ ಉತ್ತರ ಕೊಡೋಕೆ ಆಗಿಲ್ಲ, ಅದಕ್ಕೆ ಇಲ್ಲೇ ಬರೀತಿದ್ದೀನಿ. ಉದ್ದ ಆಗುತ್ತೆ, ಪುರುಸೊತ್ತಾದಾಗ ಓದಿ.

ಯಹೂದಿ ಹೆಣ್ಣುಮಕ್ಕಳ ಬರಹದ ಮೇಲೆ ಪಿಎಚ್‌ಡಿ ಮಾಡ್ತಿದ್ದೀನಿ ಅಂದಾಗೆಲ್ಲ "ಅಷ್ಟು ದೂರದ್ದು ನಿನಗ್ಯಾಕಮ್ಮ" ಅನ್ನೋರೇ ಜಾಸ್ತಿ ಇದ್ರು. ಅಮ್ಮ ಮಾತ್ರ ಒಂದು ಸಲಾನೂ ಹಾಗೆ ಕೇಳ್ಲಿಲ್ಲ, ಅವರಿಗೆ ಕಥೆ ಬೇಕಿತ್ತು ಅಷ್ಟೆ. ಗ್ಲಿಕಲ್ ಬಗ್ಗೆ ಹೇಳಿದ ದಿನ ಹುರುಳಿಕಾಯಿ ನಾರು ತೆಗೀತಾ ಕೂತಿದ್ರು. ಗ್ಲಿಕಲ್ ಜರ್ಮನಿಯ ಹ್ಯಾಂಬರ್ಗ್ ಊರಿನವಳು, ಮುತ್ತು-ಚಿನ್ನದ ವ್ಯಾಪಾರದ ಮನೆ, 1689ರಲ್ಲಿ ಗಂಡ ತೀರ್ಕೊಂಡ, ಮನೆ ತುಂಬ ಮಕ್ಕಳು, ಈಕೆನೇ ವ್ಯವಹಾರ ಕೈಗೆ ತಗೊಂಡು ಲೈಪ್‌ಜಿಗ್ ಸಂತೆಗೆಲ್ಲ ಹೋಗಿಬಂದು, ಕಾಲುಚೀಲ ಮಾಡೋ ಕಾರ್ಖಾನೆ ನಡೆಸಿ, ಮಕ್ಕಳನ್ನ ಒಬ್ಬೊಬ್ಬರನ್ನಾಗಿ ದಡ ಮುಟ್ಟಿಸಿದ್ಲು. ರಾತ್ರಿ ನಿದ್ದೆ ಬರ್ತಿರ್ಲಿಲ್ಲ, ಆ ಸಂಕಟ ಕಳ್ಕೊಳೋಕೆ ಅಂತಾನೇ ಬರೆಯೋಕೆ ಕೂತ್ಲು, ಮನೆಯಲ್ಲಿ ಆಡೋ ಯಿಡ್ಡಿಷ್ ಅನ್ನೋ ಯಹೂದಿ ಭಾಷೆಯಲ್ಲಿ, ತನ್ನ ಮಕ್ಕಳು ಓದ್ಲಿ ಅಂತ. ಬರೀತಾ ಬರೀತಾ ಏಳು ಭಾಗ ಆಯ್ತು. 1724ರಲ್ಲಿ ಫ್ರಾನ್ಸಿನ ಮೆಟ್ಸ್‌ನಲ್ಲಿ ತೀರ್ಕೊಂಡ್ಲು, ಬರೆದಿದ್ದು ಅಚ್ಚಾಗಿದ್ದು 1896ರಲ್ಲಿ. ಅಮ್ಮ ಎಲ್ಲ ಕೇಳಿಸ್ಕೊಂಡು "ಅಲ್ಲಿವರ್ಗೂ ಅದನ್ನ ಯಾರು ಜೋಪಾನ ಮಾಡಿದ್ರು?" ಅಂದ್ರು. ಮಗ ನಕಲು ಮಾಡಿಟ್ಟಿದ್ದ ಅಂದೆ.

ಆ ಒಂದು ಪ್ರಶ್ನೆಯಿಂದ್ಲೇ ನನ್ನ ಎರಡನೇ ಅಧ್ಯಾಯ ಹುಟ್ಟಿದ್ದು. 1910ರಲ್ಲಿ ಗ್ಲಿಕಲ್ ಬರೆದಿದ್ದನ್ನ ಜರ್ಮನ್ ಭಾಷೆಗೆ ತಂದಿದ್ದು ಬರ್ತಾ ಪಾಪೆನ್‌ಹೈಮ್, ಅದೇ ಬಳಗದ ದೂರದ ಸಂಬಂಧಿ. ಆಕೆ ಗ್ಲಿಕಲ್ ಥರಾನೇ ಬಟ್ಟೆ ತೊಟ್ಟು ಚಿತ್ರ ಬರೆಸ್ಕೊಂಡಿದ್ದಾರೆ. ಸೈಕಾಲಜಿ ಓದಿದವರಿಗೆಲ್ಲ ಪಾಪೆನ್‌ಹೈಮ್ ಗೊತ್ತು, ಆದ್ರೆ 'ಆನಾ ಓ' ಅನ್ನೋ ಪೇಷೆಂಟ್ ಆಗಿ, ಡಾಕ್ಟರ್‌ಗಳಾದ ಬ್ರೂಯರ್ ಮತ್ತೆ ಫ್ರಾಯ್ಡ್ 1895ರ ಪುಸ್ತಕದಲ್ಲಿ ಬರೆದಿದ್ರಲ್ಲ, ಆ ಹುಡುಗಿ. ಅದೇ ಹುಡುಗಿ ಮುಂದೆ 1904ರಲ್ಲಿ ಜರ್ಮನಿಯ ಯಹೂದಿ ಮಹಿಳಾ ಸಂಘ ಕಟ್ಟಿದ್ದು, ಹೆಣ್ಣುಮಕ್ಕಳ ಮಾರಾಟದ ವಿರುದ್ಧ ಊರೂರು ಅಲೆದಿದ್ದು, ದಿಕ್ಕಿಲ್ಲದ ಹುಡುಗೀರಿಗೆ ನಾಯ್-ಇಸೆನ್‌ಬುರ್ಗ್‌ನಲ್ಲಿ ಆಶ್ರಯ ಮಾಡಿದ್ದು ಎಷ್ಟು ಜನಕ್ಕೆ ಗೊತ್ತು? ಇದನ್ನ ನೆನೆಸ್ಕೊಂಡ್ರೆ ನಂಗೆ ಇವತ್ತಿಗೂ ಹೊಟ್ಟೆ ಉರಿಯುತ್ತೆ. ಕಾಯಿಲೆ ಇದ್ದಿದ್ದು ಕೆಲವು ವರ್ಷ, ದುಡಿದಿದ್ದು ಜೀವಮಾನ ಪೂರ್ತಿ.

ನನ್ನ ಗೈಡ್ ಮೇಡಂ, ಲೈಬ್ರರಿಯಲ್ಲಿ ಬೇರೆ ಊರಿಂದ ಪುಸ್ತಕ ತರಿಸಿಕೊಟ್ಟ ಸರ್, ಕರಡು ಓದಿದ ಗೆಳತಿಯರು, ಫೀಸಿಗೆ ಕಷ್ಟ ಆದಾಗ ಕೇಳದೇನೇ ದುಡ್ಡು ಹಾಕಿದ ಚಿಕ್ಕಪ್ಪ, ರೆಫರೆನ್ಸ್ ಸರಿ ಮಾಡಿಕೊಟ್ಟ ಜೂನಿಯರ್ಸ್, ನಿಮ್ಮೆಲ್ಲರಿಗೂ ಮನಸಾರೆ ಥ್ಯಾಂಕ್ಸ್.

ಇನ್ನು ಮೇಲಿನ ಮನೆ ಅಕ್ಕ. ಹೆಸರು ಹಾಕ್ಬೇಡ ಅಂದಿದ್ದಾರೆ, ಹಾಕಲ್ಲ.

ಅಮ್ಮ ಹೋದ ದಿನದ ಬಗ್ಗೆ ನಿಮಗೆಲ್ಲ ಗೊತ್ತು, ಅದನ್ನ ಮತ್ತೆ ಬರೆಯಲ್ಲ. ಆ ರಾತ್ರಿ ಬಗ್ಗೆ ಮಾತ್ರ ಹೇಳ್ಬೇಕು. ದೂರದವರು ಬರ್ಬೇಕು ಅಂತ ಬೆಳಗಿನವರೆಗೂ ಅಮ್ಮನ್ನ ಹಾಲ್‌ನಲ್ಲೇ ಮಲಗಿಸಿದ್ರು. ಅಡುಗೆಮನೆ ಕಟ್ಟೆ ಮೇಲೆ ಅಮ್ಮ ಬೆಳಿಗ್ಗೆ ರುಬ್ಬಿಟ್ಟಿದ್ದ ದೋಸೆ ಹಿಟ್ಟು ಉಕ್ಕಿ ಪಾತ್ರೆಯಿಂದ ಕೆಳಗೆ ಇಳೀತಾ ಇತ್ತು, ನಾನು ಅದನ್ನ ನೋಡ್ತಾ ನಿಂತುಬಿಟ್ಟಿದ್ದೆ, ಒರೆಸೋಕೂ ಕೈ ಬರ್ತಿಲ್ಲ, ಎಸೆಯೋಕೂ ಬರ್ತಿಲ್ಲ. ಅಕ್ಕ ಬಂದು ಒಂದು ಮಾತೂ ಆಡದೆ ಪಾತ್ರೆ ಎತ್ಕೊಂಡು ಮೇಲಕ್ಕೆ ಹೋದ್ರು, ವಾಪಸ್ ಬಂದು ಕಟ್ಟೆ ಒರೆಸಿದ್ರು, ನನ್ನ ಫೋನ್ ತಾವೇ ಇಟ್ಕೊಂಡು ಬಂದ ಕರೆಗೆಲ್ಲ ಉತ್ತರ ಕೊಟ್ರು, ಫ್ಲಾಸ್ಕಲ್ಲಿ ಕಾಫಿ ತಂದು ಕೂತವರಿಗೆಲ್ಲ ಬಗ್ಗಿಸಿ ಕೊಟ್ರು. ಒಬ್ಬೊಬ್ರೇ ಮಲಗೋಕೆ ಹೋದ್ರು. ಅಕ್ಕ ಹೋಗ್ಲಿಲ್ಲ.

ಮಧ್ಯರಾತ್ರಿ ಹೊತ್ತಿಗೆ ದೊಡ್ಡಪ್ಪನ ಮಗ ಬಂದು ನನ್ನ ತಲೆ ಸವರಿ "ನೀನೇನೂ ಯೋಚ್ನೆ ಮಾಡ್ಬೇಡ, ಬೆಂಕಿ ನಾನಿಡ್ತೀನಿ, ಚಿಕ್ಕಮ್ಮಂಗೆ ನಾನೂ ಮಗನೇ ಅಲ್ವಾ" ಅಂದ. ಪ್ರೀತಿಯಿಂದಾನೇ ಅಂದಿದ್ದು. ನಾನು ಒಬ್ಬಳೇ ಮಗಳು, ಅಪ್ಪ ಇಲ್ಲ. ಗಂಟಲಲ್ಲಿ ಏನೋ ಸಿಕ್ಕಾಕೊಂಡ ಹಾಗಾಗಿ ತಲೆ ಆಡಿಸಿಬಿಟ್ಟೆ. ಅಕ್ಕ ಅದನ್ನ ಗಮನಿಸಿದ್ರು. ನನ್ನನ್ನ ಹೊರಗೆ ಮೆಟ್ಟಿಲ ಹತ್ರ ಕೂರಿಸಿಕೊಂಡು "ನಿಂಗೆ ಏನೋ ಹೇಳೋದಿದೆ, ಹೇಳ್ಬಿಡು" ಅಂದ್ರು.

ನಾನು ಹೇಳಿದ್ದು ಹೆನ್ರಿಯೆಟಾ ಝೋಲ್ಡ್ ಕಥೆ. ಯಾಕಂದ್ರೆ ಆ ತಿಂಗಳು ನಾನು ಬರೀತಿದ್ದಿದ್ದು ಅದನ್ನೇ, ಬೇರೆ ಯಾವ ಮಾತೂ ಬಾಯಿಗೆ ಬರ್ಲಿಲ್ಲ. ಅಮೆರಿಕದ ಬಾಲ್ಟಿಮೋರ್‌ನವರು, ರಬ್ಬಿಯ ಮಗಳು (ರಬ್ಬಿ ಅಂದ್ರೆ ಯಹೂದಿ ಧರ್ಮಗುರು), 1912ರಲ್ಲಿ ಹದಸ್ಸಾ ಅನ್ನೋ ಮಹಿಳಾ ಸಂಘ ಶುರು ಮಾಡಿದವರು. ಮನೆಯಲ್ಲಿ ಎಂಟೂ ಹೆಣ್ಣುಮಕ್ಕಳೇ, ಗಂಡುಮಕ್ಕಳಿಲ್ಲ. ಯಹೂದಿಗಳಲ್ಲಿ ಅಪ್ಪ ಅಮ್ಮ ತೀರ್ಕೊಂಡ್ರೆ 11 ತಿಂಗಳು ಕದಿಶ್ ಅನ್ನೋ ಪ್ರಾರ್ಥನೆ ಹೇಳ್ಬೇಕು, ಅದೂ ಹತ್ತು ಜನ ಗಂಡಸರು ಸೇರಿದ ಕಡೆ ಎದ್ದು ನಿಂತು, ಸಂಪ್ರದಾಯದ ಪ್ರಕಾರ ಅದು ಮಗನ ಕೆಲಸ. ಅದರಲ್ಲಿ ಸಾವಿನ ಬಗ್ಗೆ ಒಂದು ಪದಾನೂ ಇಲ್ಲ, ಪೂರ್ತಿ ದೇವರ ಸ್ತುತಿ. 1916ರಲ್ಲಿ ಝೋಲ್ಡ್ ಅವರ ತಾಯಿ ಹೋದಾಗ ಹಯಿಮ್ ಪೆರೆಟ್ಸ್ ಅನ್ನೋ ಸ್ನೇಹಿತರು, ನಿಮ್ಮ ತಾಯಿಗೆ ನಾನು ಕದಿಶ್ ಹೇಳ್ತೀನಿ ಅಂತ ತಾವಾಗೇ ಮುಂದೆ ಬಂದ್ರು. ಝೋಲ್ಡ್ ಬೇಡ ಅಂದ್ರು. ತಂದೆತಾಯಿ ಸಮುದಾಯದ ಜೊತೆ ಇಟ್ಟುಕೊಂಡಿದ್ದ ಸಂಬಂಧವನ್ನ ಇನ್ಮುಂದೆ ನಾನು ಹೊರ್ತೀನಿ ಅಂತ ಉಳಿದವರು ಎಲ್ಲರ ಮುಂದೆ ಹೇಳೋದೇ ಕದಿಶ್, ಅದನ್ನ ನನ್ನ ಪರವಾಗಿ ಇನ್ನೊಬ್ಬರು ಹೇಗೆ ಹೇಳೋಕಾಗುತ್ತೆ ಅನ್ನೋ ಅರ್ಥದಲ್ಲಿ ಬರೆದ್ರು. ಮನೆ ಜವಾಬ್ದಾರಿ ಇರುತ್ತೆ ಅಂತ ಹೆಂಗಸರಿಗೆ ಕೆಲವು ಕರ್ತವ್ಯಗಳಿಂದ ವಿನಾಯ್ತಿ ಕೊಟ್ಟಿದ್ದು ನಿಜ, ಆದ್ರೆ ಅವರು ಮಾಡಿದ್ರೆ ಅದು ಗಂಡಸರು ಮಾಡಿದ್ದಕ್ಕಿಂತ ಕಡಿಮೆ ಅಂತ ಯಾವತ್ತೂ ಉದ್ದೇಶ ಇರ್ಲಿಲ್ಲ ಅಂತಾನೂ ಬರೆದ್ರು. ಅವರ ತಂದೆ ಹೋದಾಗ ತಾಯಿನೇ ಹಾಗೆ ನಡ್ಕೊಂಡಿದ್ರಂತೆ, ಹೆಣ್ಣುಮಕ್ಕಳ ಜಾಗದಲ್ಲಿ ಬೇರೆಯವರು ನಿಲ್ಲೋಕೆ ಬಿಟ್ಟಿರ್ಲಿಲ್ಲ.

ಅಕ್ಕ ದಿನಾ ಪೂಜೆ, ವ್ರತ, ಮಡಿ ಎಲ್ಲ ಪಾಲಿಸೋರು. ಇದನ್ನ ಕೇಳಿ ನನ್ನನ್ನ ಬೈತಾರೇನೋ ಅಂದ್ಕೊಂಡೆ. ಅವರು ಸ್ವಲ್ಪ ಹೊತ್ತು ಸುಮ್ನಿದ್ದು ಕೇಳಿದ್ದು ಒಂದೇ, "ಪಾಪ, ಆ ಸ್ನೇಹಿತರಿಗೆ ಬೇಜಾರಾಗ್ಲಿಲ್ವಾ?"

ಆ ಪತ್ರ ಶುರು ಆಗೋದೇ ಕೃತಜ್ಞತೆಯಿಂದ ಅಂತ ಹೇಳಿದೆ. ನಿಮ್ಮ ಮಾತು ನನ್ನ ಮನಸ್ಸಿಗೆ ಎಷ್ಟು ತಟ್ಟಿದೆ ಅಂತ ಹೇಳೋಕೆ ಪದ ಸಿಗ್ತಿಲ್ಲ ಅಂತ ಬರೆದು, ಆಮೇಲೇನೇ ಒಪ್ಪಿಕೊಳ್ಳೋಕೆ ಆಗಲ್ಲ ಅಂದಿದ್ದು.

"ಹಂಗಾದ್ರೆ ನೀನೂ ಅದನ್ನೇ ಮಾಡು. ಮೊದ್ಲು ನಿಮ್ಮಣ್ಣಂಗೆ ಥ್ಯಾಂಕ್ಸ್ ಹೇಳು, ಆಮೇಲೆ ನಾನೇ ಮಾಡ್ತೀನಿ ಅನ್ನು. ನಾನು ಪಕ್ಕದಲ್ಲೇ ನಿಂತಿರ್ತೀನಿ" ಅಂದ್ರು ಅಕ್ಕ.

ಬೆಳಗಾದ ಮೇಲೆ ಹಾಗೇ ಹೇಳಿದೆ, ಅಳ್ತಾ ಹೇಳಿದೆ. ಹಿರಿಯರು ಕೆಲವರು ಗೊಣಗಿದ್ರು, ಒಬ್ಬರು ಎದ್ದು ಹೊರಗೇ ಹೋದ್ರು. ಅಣ್ಣ ನನ್ನ ಮುಖ ನೋಡ್ದ, ಅಕ್ಕನ ಮುಖ ನೋಡ್ದ, ಆಮೇಲೆ ತಾನೇ ಹೋಗಿ ಮಡಕೆ ತಂದು ನನ್ನ ಕೈಗೆ ಕೊಟ್ಟ. ಹೆಂಗಸರು ಸ್ಮಶಾನಕ್ಕೆ ಬರೋ ರೂಢಿ ನಮ್ಮಲ್ಲಿಲ್ಲ. ಅಕ್ಕ ಬಂದ್ರು. ಚಪ್ಪಲಿ ಇಲ್ಲದೆ ಬಿಸಿ ಮಣ್ಣಲ್ಲಿ ನಿಂತಿದ್ರು, ನನ್ನ ಸೆರಗು ಬೆಂಕಿ ಕಡೆ ಹಾರಿದಾಗ ಹಿಡ್ಕೊಂಡು ಸೊಂಟಕ್ಕೆ ಸಿಕ್ಕಿಸಿದ್ರು.

ಅದಾದ ಮೇಲೆ ಎಷ್ಟೋ ತಿಂಗಳು ನಂಗೆ ಒಂದು ಸಾಲೂ ಬರೆಯೋಕಾಗ್ಲಿಲ್ಲ. ಕೇಳೋರೇ ಇಲ್ಲದ ಮೇಲೆ ಯಾರಿಗೆ ಬರೀಲಿ, ಯಾಕೆ ಬರೀಲಿ, ಎಲ್ಲ ಸುಟ್ಟು ಹಾಕೋಣ ಅನ್ನಿಸ್ತಿತ್ತು. ಅಮ್ಮ ನಾನು ನಿನ್ನ ಧ್ವನಿ ಮರೆತುಬಿಡ್ತೀನೇನೋ ಅಂತ ಹೆದರಿಕೆ ಆಗುತ್ತೆ, ಈಗ್ಲೂ. ಅಕ್ಕ ಥೀಸಿಸ್ ಬಗ್ಗೆ ಏನೂ ಕೇಳ್ತಿರ್ಲಿಲ್ಲ. ಸಂಜೆ ಸೊಪ್ಪಿನ ಕಟ್ಟು ತಗೊಂಡು ಕೆಳಗೆ ಬಂದು ನಮ್ಮ ಹಾಲ್‌ನಲ್ಲೇ ಕೂತು ಬಿಡಿಸ್ತಿದ್ರು, ನಾನು ಲ್ಯಾಪ್‌ಟಾಪ್ ತೆಗೆದ್ರೂ ಸರಿ, ತೆಗೀದಿದ್ರೂ ಸರಿ. ನಿಧಾನಕ್ಕೆ ತೆಗೆಯೋ ಹಾಗಾಯ್ತು.

ಕೊನೆ ಅಧ್ಯಾಯ ಬರೆದಿದ್ದು ಆ ಸಂಜೆಗಳಲ್ಲೇ. ಅದು ರೆಗೀನಾ ಯೋನಾಸ್ ಬಗ್ಗೆ. ಬರ್ಲಿನ್‌ನಲ್ಲಿ 1930ರಲ್ಲಿ ಆಕೆ ಬರೆದ ಪ್ರಬಂಧದ ವಿಷಯಾನೇ ಹೆಂಗಸು ರಬ್ಬಿ ಆಗಬಹುದಾ ಅನ್ನೋದು. ಧರ್ಮಶಾಸ್ತ್ರವನ್ನೆಲ್ಲ ಜಾಲಾಡಿ, ಪೂರ್ವಗ್ರಹ ಮತ್ತೆ ಅಭ್ಯಾಸ ಇಲ್ಲದಿರೋದು ಬಿಟ್ರೆ ಅಡ್ಡಿ ಅನ್ನೋದು ಹೆಚ್ಚುಕಮ್ಮಿ ಏನೂ ಇಲ್ಲ ಅಂತ ಮುಗಿಸಿದ್ರು. 1935ರಲ್ಲಿ ರಬ್ಬಿ ಆದ್ರು, ನಾಜಿಗಳು ಥೆರೇಸಿಯನ್‌ಸ್ಟಾಟ್ ಅನ್ನೋ ಶಿಬಿರದಲ್ಲಿ ಕೂಡಿಹಾಕಿದಾಗ್ಲೂ ಜನಕ್ಕೆ ಉಪನ್ಯಾಸ ಕೊಡ್ತಿದ್ರು, 1944ರಲ್ಲಿ ಆಶ್ವಿಟ್ಜ್ ಶಿಬಿರದಲ್ಲಿ ಕೊಂದುಹಾಕಿದ್ರು. ಆಮೇಲೆ ದಶಕಗಟ್ಟಲೆ ಆ ಹೆಸರು ಎತ್ತಿದವರೇ ಕಡಿಮೆ, 1972ರಲ್ಲಿ ಅಮೆರಿಕದಲ್ಲಿ ಸ್ಯಾಲಿ ಪ್ರೀಸಾಂಡ್ ರಬ್ಬಿ ಆದಾಗ ಎಷ್ಟೋ ಜನ ಅವರನ್ನೇ ಮೊದಲನೆಯವರು ಅಂದ್ಕೊಂಡ್ರು. ಬರ್ಲಿನ್ ಗೋಡೆ ಬಿದ್ದ ಮೇಲೆ ಪೂರ್ವ ಜರ್ಮನಿಯ ಕಡತಗಳಲ್ಲಿ ಯೋನಾಸ್ ಅವರ ಕಾಗದಪತ್ರ, ಫೋಟೋ ಸಿಕ್ಕಿದ್ದು. ಆ ಅಧ್ಯಾಯವನ್ನ ಅಕ್ಕನಿಗೆ ಕನ್ನಡದಲ್ಲಿ ಹೇಳ್ತಾ ಹೇಳ್ತಾನೇ ಬರೆದೆ. ಎಲ್ಲಿ ಅವರು ಸೊಪ್ಪು ಬಿಡಿಸೋದು ನಿಲ್ಲಿಸಿ ತಲೆ ಎತ್ತುತ್ತಿದ್ರೋ ಆ ಭಾಗ ಇಟ್ಕೊಂಡೆ.

ಅಣ್ಣ, ನಿಂಗೂ ಒಂದು ಮಾತು. ಆ ರಾತ್ರಿ ನೀನು ಕೇಳಿದ ರೀತಿಗೂ, ಬೆಳಿಗ್ಗೆ ನೀನು ಮಡಕೆ ಕೊಟ್ಟ ರೀತಿಗೂ ನಾನು ಸರಿಯಾಗಿ ಥ್ಯಾಂಕ್ಸ್ ಹೇಳೇ ಇರ್ಲಿಲ್ಲ, ಇಲ್ಲಿ ಎಲ್ಲರ ಮುಂದೆ ಹೇಳ್ತಿದ್ದೀನಿ.

ಥೀಸಿಸ್‌ನ ಅರ್ಪಣೆ ಪುಟದಲ್ಲಿ ಅಮ್ಮನ ಹೆಸರಿದೆ. ಬೈಂಡ್ ಮಾಡಿಸಿದ ಮೊದಲ ಕಾಪಿ ಅಕ್ಕನ ಮನೆಗೆ ಕೊಟ್ಟಾಯ್ತು. ಗ್ಲಿಕಲ್ ಬರೆದ ಮೊದಲ ಭಾಗವನ್ನ ಕನ್ನಡಕ್ಕೆ ತರೋ ಕೆಲಸ ಶುರು ಮಾಡಿದ್ದೀನಿ, ಕರಡು ಓದೋಕೆ ಆಸಕ್ತಿ ಇರೋರು ಮೆಸೇಜ್ ಮಾಡಿ, ಕಳಿಸ್ತೀನಿ. ಭಾನುವಾರ ಮಧ್ಯಾಹ್ನ ಎಲ್ಲರೂ ಮನೆಗೆ ಊಟಕ್ಕೆ ಬನ್ನಿ, ಅಡುಗೆ ಅಕ್ಕಂದು, ಬಡಿಸೋದು ನಾನು ಮತ್ತೆ ಅಣ್ಣ.