ಖರ್ಗೆಯವರೇ, ಜಿಲ್ಲಾ ಪಂಚಾಯಿತಿ ಚುನಾವಣೆ ಮಾಡಿಸಿ

ಮಾನ್ಯ ಮಲ್ಲಿಕಾರ್ಜುನ ಖರ್ಗೆಯವರಿಗೆ ನಮಸ್ಕಾರಗಳು.

ನಾನು ಕಲಬುರಗಿ ಜಿಲ್ಲೆಯವನು, ನಿಮಗೆ ವೋಟು ಹಾಕಿಕೊಂಡು ಬಂದ ಮನೆಯವನು. 2022ರ ಅಕ್ಟೋಬರಿನಲ್ಲಿ ನೀವು 7,897 ಮತ ಪಡೆದು ಕಾಂಗ್ರೆಸ್ ಅಧ್ಯಕ್ಷರಾದಾಗ ನಮ್ಮ ಓಣಿಯಲ್ಲಿ ಪೇಡೆ ಹಂಚಿದ್ದರು. ನಿಜಲಿಂಗಪ್ಪನವರ ನಂತರ ಆ ಕುರ್ಚಿಯಲ್ಲಿ ಕೂತ ಕನ್ನಡಿಗ ನೀವು. ಆ ಹೆಮ್ಮೆ ಇವತ್ತಿಗೂ ಇದೆ. ಅದು ಇರುವುದರಿಂದಲೇ ಈ ಪತ್ರ.

ಕರ್ನಾಟಕದ ಜಿಲ್ಲಾ ಪಂಚಾಯಿತಿ, ತಾಲ್ಲೂಕು ಪಂಚಾಯಿತಿಗಳಿಗೆ ಕೊನೆಯ ಬಾರಿ ಚುನಾವಣೆ ನಡೆದದ್ದು 2016ರಲ್ಲಿ. ಆ ಸದಸ್ಯರ ಅವಧಿ 2021ರಲ್ಲೇ ಮುಗಿಯಿತು. ಆಮೇಲೆ ವರ್ಷಗಟ್ಟಲೆ ಸರ್ಕಾರ ನೇಮಿಸಿದ ಆಡಳಿತಾಧಿಕಾರಿಗಳ ಕೈಯಲ್ಲೇ ಎಲ್ಲ. ಇದನ್ನು ಮುಗಿಸಿ ಅಂತ ನಿಮ್ಮನ್ನೇ ಕೇಳಬೇಕು ಅನ್ನಿಸಿತು. ಯಾಕೆ ನಿಮ್ಮನ್ನೇ ಅಂತ ಹೇಳುತ್ತೇನೆ.

ಬೀದರ್ ಜಿಲ್ಲೆಯ ವರವಟ್ಟಿಯಲ್ಲಿ ಹುಟ್ಟಿದವರು ನೀವು. ನಿಜಾಮರ ಪರವಾಗಿದ್ದ ರಜಾಕಾರರ ಹಾವಳಿಯಲ್ಲಿ ತಾಯಿಯನ್ನು ಕಳೆದುಕೊಂಡು, ತಂದೆಯ ಜೊತೆ ಗುಲಬರ್ಗಾಕ್ಕೆ ಬಂದಿರಿ. ಇಲ್ಲಿ ನಿಮ್ಮ ಕೈಹಿಡಿದು ರಾಜಕೀಯಕ್ಕೆ ಕರೆತರಲು ಮನೆಯಲ್ಲಿ ಶಾಸಕರಿರಲಿಲ್ಲ, ಮಂತ್ರಿ ಇರಲಿಲ್ಲ. ಸರ್ಕಾರಿ ಕಾಲೇಜಿನ ವಿದ್ಯಾರ್ಥಿ ಸಂಘದ ಚುನಾವಣೆ ಇತ್ತು, ಅಲ್ಲಿ ಗೆದ್ದಿರಿ. ಎಂ.ಎಸ್.ಕೆ. ಮಿಲ್ಲಿನ ಕಾರ್ಮಿಕ ಸಂಘ ಇತ್ತು, ಅದರ ಕಾನೂನು ಸಲಹೆಗಾರರಾದಿರಿ. 1969ರಲ್ಲಿ ನಗರ ಕಾಂಗ್ರೆಸ್ ಅಧ್ಯಕ್ಷರಾದಿರಿ. 1972ರಲ್ಲಿ ಮೀಸಲು ಕ್ಷೇತ್ರವಾಗಿದ್ದ ಗುರುಮಠಕಲ್‌ನಿಂದ ಶಾಸಕರಾದಾಗ ನಿಮಗಿನ್ನೂ 30 ತುಂಬಿರಲಿಲ್ಲ.

ಮುಂದಿನದು ನಮ್ಮ ಭಾಗದ ಮಕ್ಕಳಿಗೂ ಬಾಯಿಪಾಠ. ಗುರುಮಠಕಲ್‌ನಿಂದ ಎಂಟು ಸಲ, ಚಿತ್ತಾಪುರದಿಂದ ಒಂದು ಸಲ ವಿಧಾನಸಭೆಗೆ. ಎರಡು ಸಲ ಲೋಕಸಭೆಗೆ. ಕೇಂದ್ರದಲ್ಲಿ ಕಾರ್ಮಿಕ ಖಾತೆ, ರೈಲ್ವೆ ಖಾತೆ. 2019ರಲ್ಲಿ ಸೋತರೂ ರಾಜ್ಯಸಭೆಗೆ ಹೋಗಿ ವಿರೋಧ ಪಕ್ಷದ ನಾಯಕರಾದಿರಿ. ದೇವರಾಜ ಅರಸು ಸಂಪುಟದಲ್ಲಿ ಪ್ರಾಥಮಿಕ ಶಿಕ್ಷಣ ನೋಡಿಕೊಳ್ಳುತ್ತಿದ್ದಾಗ ಪರಿಶಿಷ್ಟರಿಗೆ ಮೀಸಲಾಗಿ ಖಾಲಿ ಬಿದ್ದಿದ್ದ 16,000ಕ್ಕೂ ಹೆಚ್ಚು ಶಿಕ್ಷಕರ ಹುದ್ದೆ ತುಂಬಿದಿರಿ. ನಮ್ಮ ಭಾಗಕ್ಕೆ ವಿಶೇಷ ಸ್ಥಾನ ಕೊಟ್ಟ ಸಂವಿಧಾನದ 371(ಜೆ) ವಿಧಿ ಬರಲು ಎಷ್ಟೋ ಜನ ಹೋರಾಡಿದರು, ವೈಜನಾಥ ಪಾಟೀಲರಂಥವರು ಬೀದಿಗಿಳಿದರು. ದೆಹಲಿಯಲ್ಲಿ ಕೂತು ಅದನ್ನು ದಡ ಮುಟ್ಟಿಸಿದವರು ನೀವು, ಧರ್ಮಸಿಂಗ್. ಇದನ್ನು ನಾವು ಮರೆತಿಲ್ಲ.

ಈಗ ಒಂದು ಮಾತು ಕೇಳುತ್ತೇನೆ. ಇವತ್ತು ಗುರುಮಠಕಲ್ಲಿನ ಒಬ್ಬ ಕೂಲಿಕಾರನ ಮಗ, ಲಾ ಓದಿದವನು, ರಾಜಕೀಯಕ್ಕೆ ಬರಬೇಕು ಅಂದರೆ ಎಲ್ಲಿಂದ ಶುರು ಮಾಡಬೇಕು? ಕಾಲೇಜು ಸಂಘದ ಚುನಾವಣೆ ನಿಂತು ಮೂರು ದಶಕ ದಾಟಿತು. ಎಂ.ಎಸ್.ಕೆ. ಮಿಲ್ಲು ಮುಚ್ಚಿ, ಅದರ ಹೆಸರು ಒಂದು ಬಡಾವಣೆಗೆ ಉಳಿದುಕೊಂಡಿದೆ. ನೀವು ಒಳಗೆ ಬಂದ ಎರಡೂ ಬಾಗಿಲು ಈಗಿಲ್ಲ. ಗ್ರಾಮ ಪಂಚಾಯಿತಿಯಿಂದ ನೇರ ವಿಧಾನಸಭೆಗೆ ಹಾರುವುದು ದುಡ್ಡಿಲ್ಲದವರ ಕೈಲಿ ಆಗದ ಮಾತು. ನಡುವೆ ಇದ್ದದ್ದು ತಾಲ್ಲೂಕು, ಜಿಲ್ಲಾ ಪಂಚಾಯಿತಿ. ಅಲ್ಲಿ ಪರಿಶಿಷ್ಟರಿಗೆ ಮೀಸಲು ಸೀಟಿದೆ, ಅರ್ಧ ಸೀಟು ಹೆಣ್ಣುಮಕ್ಕಳಿಗೆ. 1972ರಲ್ಲಿ ಗುರುಮಠಕಲ್ ನಿಮಗೆ ಕೊಟ್ಟ ಅವಕಾಶವನ್ನು ಈ ಸೀಟುಗಳು ಊರೂರಲ್ಲಿ ಕೊಡಬಲ್ಲವು. ಅವೇ ಖಾಲಿ ಇವೆ.

ಸದಸ್ಯರಿದ್ದಾಗ ಏನಾಗುತ್ತಿತ್ತು ಅನ್ನೋದಕ್ಕೆ ನಾನು ಕಣ್ಣಾರೆ ಕಂಡ ಒಂದು ತಾಲ್ಲೂಕು ಪಂಚಾಯಿತಿ ಸಾಮಾನ್ಯ ಸಭೆಯ ಕಥೆ ಹೇಳುತ್ತೇನೆ. ಹಿಂದಿನ ಸಭೆಯಲ್ಲಿ ಹೇಳಿದ ಕೆಲಸ ಏನಾಯಿತು ಅನ್ನುವ ಅನುಪಾಲನಾ ವರದಿ ಓದುತ್ತಿದ್ದರು. ಒಂದು ತಾಂಡಾದ ಬೋರ್‌ವೆಲ್ ಕೆಲಸ "ಪೂರ್ಣಗೊಂಡಿದೆ" ಅಂತ ಬಂತು. ಹಿಂದಿನ ಸಾಲಿನಲ್ಲಿದ್ದ ಸದಸ್ಯೆಯೊಬ್ಬರು ಎದ್ದು ನಿಂತರು. "ಸಾಹೇಬ್ರ, ಬೋರ್ ಹೊಡ್ದಾರ, ಖರೇ. ಮೋಟಾರ್ ಎಲ್ಲಿ ಅದ?" ಎಂಜಿನಿಯರ್ ಫೈಲು ತಿರುವಿದರು. ಸಭೆಯಲ್ಲಿ ಗದ್ದಲವಾಯಿತು. ಆ ಒಂದು ಸಾಲನ್ನು ನಡಾವಳಿಯಲ್ಲಿ ಬರೆಸುವ ತನಕ ಆಕೆ ಕೂರಲಿಲ್ಲ. ಮುಂದಿನ ಸಭೆಯ ಹೊತ್ತಿಗೆ ಮೋಟಾರು ಕೂತಿತ್ತು. ಆಕೆ ಓದಿದ್ದು ಏಳನೇ ಕ್ಲಾಸು. ಈಗ ಅಂಥ ಪ್ರಶ್ನೆ ಇದ್ದವರು ಅರ್ಜಿ ಬರೆದು ಕಚೇರಿಯ ಟಪಾಲಿಗೆ ಹಾಕಿ ಮನೆಗೆ ಬರುತ್ತಾರೆ. ಶಾಸಕರು ಎಷ್ಟು ಹಳ್ಳಿಗೆ ಅಂತ ಓಡಾಡುತ್ತಾರೆ, ಹೇಳಿ?

ತಪ್ಪೆಲ್ಲ ನಿಮ್ಮ ಪಕ್ಷದ್ದೇ ಅಂತ ನಾನು ಹೇಳುವುದಿಲ್ಲ. 2021ರಲ್ಲಿ ಇದ್ದದ್ದು ಬಿಜೆಪಿ ಸರ್ಕಾರ. ಕ್ಷೇತ್ರ ವಿಂಗಡಣೆಯನ್ನು ಚುನಾವಣಾ ಆಯೋಗದ ಕೈಯಿಂದ ಕಿತ್ತು ಬೇರೆ ಆಯೋಗಕ್ಕೆ ಕೊಟ್ಟವರು ಅವರು. ಆವಾಗಿನಿಂದ ಎಳೆದಾಟ ಶುರುವಾಯಿತು. ಆದರೆ 2023ರ ಮೇ ತಿಂಗಳಲ್ಲಿ ನಿಮ್ಮ ಸರ್ಕಾರ ಬಂತು. ಪಂಚಾಯತ್ ರಾಜ್ ಖಾತೆ ಪ್ರಿಯಾಂಕ್ ಖರ್ಗೆಯವರಿಗೆ ಬಂತು. ನೀವೂ ಹಿಂದೆ ಇದೇ ಖಾತೆ ನಡೆಸಿದವರು. ನಮ್ಮ ಭಾಗದವರೇ ಮಂತ್ರಿಯಾದರಲ್ಲ, ಇನ್ನೇನು ಚುನಾವಣೆ ಬಂದೇಬಿಟ್ಟಿತು ಅಂದುಕೊಂಡೆವು. ಮೀಸಲಾತಿ ಪಟ್ಟಿ, ಕೋರ್ಟು, ವಾಯಿದೆ ಅಂತ ಮತ್ತೆ ವರ್ಷಗಳು ಹೋದವು.

ಇನ್ನೊಂದು ಮಾತು, ಬೇಜಾರು ಮಾಡಿಕೊಳ್ಳಬೇಡಿ. ನಿಮ್ಮ ಮಗ ಮಂತ್ರಿ, ಅಳಿಯ ರಾಧಾಕೃಷ್ಣ ದೊಡಮನಿ 2024ರಿಂದ ನಮ್ಮ ಸಂಸದರು. ಇಬ್ಬರೂ ಜನರ ವೋಟಿನಿಂದಲೇ ಗೆದ್ದವರು. ಆದರೆ ಕೆಳಗಿನ ಬಾಗಿಲು ಮುಚ್ಚಿದ್ದಷ್ಟು ದಿನ ರಾಜಕೀಯ ಅಂದರೆ ಮನೆತನದ ಆಸ್ತಿ ಅನ್ನೋ ಮಾತು ಜಾಸ್ತಿಯಾಗುತ್ತದೆ, ಅಲ್ವಾ? ಮನೆತನದ ಬಲವಿಲ್ಲದೆ ಬೆಳೆದ ನಿಮ್ಮ ಹೆಸರನ್ನು ಆ ಮಾತಿಗೆ ಎಳೆದು ತರುವುದು ನನಗೆ ನೋವು.

2025ರ ಜನವರಿಯಲ್ಲಿ ಬೆಳಗಾವಿಯಲ್ಲಿ ಜೈ ಬಾಪು, ಜೈ ಭೀಮ್, ಜೈ ಸಂವಿಧಾನ ಸಮಾವೇಶ ಮಾಡಿದಿರಿ. ಅದೇ ಸಂವಿಧಾನದ 243ಇ ವಿಧಿ ಏನನ್ನುತ್ತದೆ? ಪಂಚಾಯಿತಿಗೆ ಐದು ವರ್ಷ, ಅದಕ್ಕಿಂತ ಜಾಸ್ತಿ ಇಲ್ಲ. ಆ ಐದು ವರ್ಷ ಮುಗಿಯುವುದರೊಳಗೆ ಚುನಾವಣೆ ಆಗಬೇಕು. ಪಂಚಾಯಿತಿಗಳಿಗೆ ಸಂವಿಧಾನದ ಮಾನ್ಯತೆ ಕೊಟ್ಟ 73ನೇ ತಿದ್ದುಪಡಿ ರಾಜೀವ್ ಗಾಂಧಿಯವರ ಕನಸು ಅಂತ ನಿಮ್ಮ ಪಕ್ಷವೇ ಹೇಳುತ್ತದೆ. 15ನೇ ಹಣಕಾಸು ಆಯೋಗವೂ ಚುನಾಯಿತ ಸಂಸ್ಥೆ ಇದ್ದರೆ ಮಾತ್ರ ಅನುದಾನ ಅಂದಿತು. ಸುಮ್ನೆ ಕೂತರೆ ದುಡ್ಡೂ ಹೋಗುತ್ತದೆ, ಹಕ್ಕೂ ಹೋಗುತ್ತದೆ.

ಮುಖ್ಯಮಂತ್ರಿಗಳನ್ನೂ ಪಂಚಾಯತ್ ರಾಜ್ ಮಂತ್ರಿಗಳನ್ನೂ ಕರೆಸಿ ಒಂದು ದಿನಾಂಕ ಕೇಳಿ. ಮೀಸಲಾತಿ ಪಟ್ಟಿಯಲ್ಲಿ ತಕರಾರಿದ್ದರೆ ಬೇಗ ಇತ್ಯರ್ಥ ಮಾಡಿಸಿ. ಟಿಕೆಟ್ ಕೊಡುವಾಗ ಶಾಸಕರ ಮನೆಯವರನ್ನು ಬಿಟ್ಟು, ಊರಲ್ಲಿ ದುಡಿದವರನ್ನು ಹುಡುಕಿ. ಆ ದಿನಾಂಕವನ್ನು ನೀವೇ ಕಲಬುರಗಿಗೆ ಬಂದು ಹೇಳಿದರೆ ನಮಗೆ ಇನ್ನೂ ಸಂತೋಷ.

ಇಂತಿ,
ಕಲಬುರಗಿ ಜಿಲ್ಲೆಯ ಒಬ್ಬ ಮತದಾರ