ತೈಮನೋವ್ ಅಂದ್ರೆ ಬರೀ 6-0 ಅಲ್ಲ

ಮಾನ್ಯ ಸಂಪಾದಕರೇ,

ಅಮೆರಿಕದ ಚೆಸ್ ದಿಗ್ಗಜ ಬಾಬಿ ಫಿಷರ್ ಬಗ್ಗೆ ಯಾರೇ ಬರೀಲಿ, 1971ರಲ್ಲಿ ವ್ಯಾಂಕೂವರ್‌ನಲ್ಲಿ ಸೋವಿಯತ್ ಆಟಗಾರ ಮಾರ್ಕ್ ತೈಮನೋವ್‌ನ 6-0 ಅಂತ, ಅಂದ್ರೆ ಆರಕ್ಕೆ ಆರೂ ಆಟದಲ್ಲಿ, ಸೋಲಿಸಿದ್ರು ಅಂತ ಒಂದು ಸಾಲು ಬಂದೇ ಬರುತ್ತೆ. ಆ ಸೋತ ಮನುಷ್ಯ ಯಾರು ಅಂತ ಮಾತ್ರ ಯಾರೂ ಹೇಳಲ್ಲ. ನಾನು ನಮ್ಮ ಏರಿಯಾದ ಮಕ್ಕಳಿಗೆ ಚೆಸ್ ಹೇಳ್ಕೊಡ್ತೀನಿ, ಅವ್ರಿಗೂ ಆ ಹೆಸರು ಅಂದ್ರೆ 6-0 ಅಷ್ಟೇ ಗೊತ್ತು, ಅದಕ್ಕೇ ಈ ಪತ್ರ.

ತೈಮನೋವ್ ಹುಟ್ಟಿದ್ದು 1926ರಲ್ಲಿ ಖಾರ್ಕಿವ್‌ನಲ್ಲಿ, ಬೆಳೆದಿದ್ದು ಲೆನಿನ್‌ಗ್ರಾಡ್‌ನಲ್ಲಿ. ಚಿಕ್ಕ ಹುಡುಗ ಇದ್ದಾಗಲೇ 1936ರ ಒಂದು ಸಿನಿಮಾದಲ್ಲಿ ಪಿಟೀಲು ನುಡಿಸೋ ಹುಡುಗನ ಪಾತ್ರ ಮಾಡಿದ್ರು, ಚೆಸ್ ಕಲಿಸಿದೋರು ಮುಂದೆ ವಿಶ್ವ ಚಾಂಪಿಯನ್ ಆದ ಬೋಟ್ವಿನ್ನಿಕ್. 1952ರಲ್ಲಿ ಗ್ರ್ಯಾಂಡ್‌ಮಾಸ್ಟರ್, 1956ರಲ್ಲಿ ಸೋವಿಯತ್ ಚಾಂಪಿಯನ್, ಆ ಕಾಲದಲ್ಲಿ ಅದನ್ನ ಗೆಲ್ಲೋದು ಎಷ್ಟು ಕಷ್ಟ ಅಂತ ಚೆಸ್ ಗೊತ್ತಿರೋರಿಗೆ ಹೇಳ್ಬೇಕಾಗಿಲ್ಲ. ಇದರ ಜೊತೆಗೇ ಕನ್ಸರ್ವೇಟರಿಯಲ್ಲಿ, ಅಂದ್ರೆ ಸಂಗೀತ ಕಾಲೇಜಲ್ಲಿ, ಓದಿ, ಮೊದಲ ಹೆಂಡತಿ ಲ್ಯೂಬೋವ್ ಬ್ರುಕ್ ಜೊತೆ ಎರಡು ಪಿಯಾನೋ ಇಟ್ಕೊಂಡು ಕಛೇರಿ ಕೊಡ್ತಿದ್ರು. ಫಿಲಿಪ್ಸ್ ಕಂಪನಿ 20ನೇ ಶತಮಾನದ ಶ್ರೇಷ್ಠ ಪಿಯಾನೋ ವಾದಕರು ಅಂತ ಸಿಡಿ ಸರಣಿ ತಂದಾಗ ಈ ಜೋಡಿಗೂ ಅದರಲ್ಲಿ ಜಾಗ ಕೊಡ್ತು. ಹವ್ಯಾಸಕ್ಕೆ ನುಡಿಸೋರನ್ನ ಅಲ್ಲಿ ಸೇರಿಸಲ್ಲ ಸಾರ್.

ಆ ಮ್ಯಾಚ್ ಆಟಗಳನ್ನ ಬೋರ್ಡ್ ಮೇಲೆ ಇಟ್ಟು ನೋಡಿದ್ರೆ 6-0 ಅನ್ನೋ ಲೆಕ್ಕ ಎಷ್ಟು ಸುಳ್ಳು ಹೇಳುತ್ತೆ ಅಂತ ಗೊತ್ತಾಗುತ್ತೆ. ಎರಡನೇ ಆಟ ಡ್ರಾ ಆಗೋದೇ ಇತ್ತು, ಎಂಬತ್ತೊಂದನೇ ನಡೆವರೆಗೂ ಹಿಡ್ಕೊಂಡು ಅಲ್ಲಿ ತಪ್ಪಿದ್ರು. ಐದನೇದ್ರಲ್ಲಿ ಒಂದೇ ನಡೆಯಲ್ಲಿ ಆನೆ ಕಳ್ಕೊಂಡ್ರು. ನಾಲ್ಕನೇದ್ರಲ್ಲಿ ಸಿಸಿಲಿಯನ್ ಅನ್ನೋ ಓಪನಿಂಗ್‌ನಲ್ಲಿ (ಆಟ ಶುರು ಮಾಡೋ ಒಂದು ರೀತಿ) ತಮ್ಮದೇ ಹೆಸರಿನ ವೇರಿಯೇಷನ್, ಅಂದ್ರೆ ನಡೆಗಳ ಕ್ರಮ, ಆಡಿ ಸೋತ್ರು, ಫಿಷರ್ ಒಂಟೆ ಇಟ್ಕೊಂಡು ಇವರ ಕುದುರೆಯನ್ನ ಕಟ್ಟಿಹಾಕಿದ ಆಟ ಅದು, ಅಷ್ಟು ಚೆನ್ನಾಗಿದೆ ಅಂತ ನಾನು ಮಕ್ಕಳಿಗೆ ತೋರಿಸ್ತಾನೇ ಇರ್ತೀನಿ.

ನಂಗೆ ತಡ್ಕೊಳ್ಳಕ್ಕಾಗದೇ ಇರೋದು ಆಮೇಲೆ ನಡೆದಿದ್ದು. ಮಾಸ್ಕೋಗೆ ವಾಪಸ್ ಬಂದಾಗ ಕಸ್ಟಮ್ಸ್‌ನೋರು ಬ್ಯಾಗ್ ಜಾಲಾಡಿದ್ರು, ಸೋವಿಯತ್ ಸರ್ಕಾರವನ್ನ ಟೀಕಿಸ್ತಿದ್ದ ಲೇಖಕ ಸೋಲ್ಜೆನಿತ್ಸಿನ್ ಅವರ ನಿಷೇಧಿತ ಪುಸ್ತಕ ಸಿಕ್ತು. ನೀವು ಗೆದ್ದಿದ್ರೆ ಆ ಪುಸ್ತಕ ನಾನೇ ಹೊತ್ಕೊಂಡು ಬಂದು ಕೊಡ್ತಿದ್ದೆ ಅಂತ ಅಲ್ಲಿನ ಅಧಿಕಾರಿ ಅಂದಿದ್ದನ್ನ ತೈಮನೋವ್ ಅವರೇ ಮುಂದೆ ಹೇಳ್ಕೊಂಡಿದ್ದಾರೆ. ಸರ್ಕಾರ ಸಂಬಳ ನಿಲ್ಲಿಸ್ತು, ವಿದೇಶಕ್ಕೆ ಹೋಗೋದು ಬಂದ್. ಸೋತಿದ್ದಕ್ಕೆ ಶಿಕ್ಷೆ, ಪುಸ್ತಕ ಬರೀ ನೆಪ. ಅದೇ ವರ್ಷ ಡೆನ್ಮಾರ್ಕ್‌ನ ಗ್ರ್ಯಾಂಡ್‌ಮಾಸ್ಟರ್ ಲಾರ್ಸೆನ್ ಕೂಡ ಫಿಷರ್ ಕೈಲಿ 6-0 ಸೋತ್ರು, ಆಗ ತಾನೇ ಜನಕ್ಕೆ ಎದುರಿಗಿದ್ದೋನು ಎಂಥೋನು ಅಂತ ಅರ್ಥ ಆಗಿದ್ದು!

ಆರೂ ಸೋತ್ಮೇಲೆ ನಂಗಿನ್ನೂ ಸಂಗೀತ ಇದೆ ಅಂತ ತೈಮನೋವ್ ಅಂದಿದ್ದು ಪ್ರಸಿದ್ಧ ಮಾತು. ಆದ್ರೆ ಚೆಸ್ಸನ್ನೂ ಬಿಡ್ಲಿಲ್ಲ, 1977ರಲ್ಲಿ ಲೆನಿನ್‌ಗ್ರಾಡ್‌ನಲ್ಲಿ ಆಗಿನ ವಿಶ್ವ ಚಾಂಪಿಯನ್ ಕಾರ್ಪೋವ್‌ನ ಕಪ್ಪು ಕಾಯಿ ಆಡಿ ಸೋಲಿಸಿದ್ರು, ಆಗ ವಯಸ್ಸು 51. ಕುದುರೆಯನ್ನ ಬಲಿ ಕೊಟ್ಟು ಗೆದ್ದ ಆಟ, ನೋಡಿದ್ರೆ ಮೈ ಜುಮ್ ಅನ್ನುತ್ತೆ. 2016ರಲ್ಲಿ ತೀರ್ಕೊಂಡ್ರು, 90 ವರ್ಷ.

ಮುಂದಿನ ಸಲ ಫಿಷರ್ ಬಗ್ಗೆ ಲೇಖನ ಹಾಕಿದಾಗ ಆ 6-0 ಪಕ್ಕದಲ್ಲಿ ಅವರು ಪಿಯಾನೋ ವಾದಕರು ಕೂಡ ಅಂತ ದಯವಿಟ್ಟು ಒಂದು ಸಾಲು ಸೇರಿಸಿ.

ಇಂತಿ,
ಒಬ್ಬ ಚೆಸ್ ಪ್ರೇಮಿ, ಮೈಸೂರು